ಊಟದ ಸೀನಲ್ಲಿ ತುತ್ತು ಎಣಿಸಬೇಕು: ಪೋಷಕ ಪಾತ್ರದ ಕೆಲಸ

ಪೋಷಕ ನಟರಿಗೆ ಊಟದ ಸೀನಿನಷ್ಟು ಕಷ್ಟದ್ದು ಬೇರೊಂದಿಲ್ಲ. ಅಳುವುದಕ್ಕೆ ಗ್ಲಿಸರಿನ್ ಇದೆ, ಊಟಕ್ಕೆ ಅಂಥದ್ದೇನೂ ಇಲ್ಲ. ಮೊದಲು ಎಲ್ಲರೂ ಕಾಣುವ ಮಾಸ್ಟರ್ ಶಾಟ್, ಆಮೇಲೆ ಎದುರಿನವರ ಭುಜದ ಮೇಲಿಂದ ತೆಗೆಯುವ ಸಜೆಷನ್, ಕೊನೆಗೆ ಒಬ್ಬೊಬ್ಬರ ಕ್ಲೋಸಪ್. ಮಾಸ್ಟರ್‌ನಲ್ಲಿ 'ಮದುವೆ' ಅನ್ನುವ ಮಾತಿಗೆ ತುತ್ತು ಬಾಯಿಗಿಟ್ಟಿದ್ದರೆ, ಉಳಿದ ಶಾಟ್‌ಗಳಲ್ಲೂ ಅದೇ ಮಾತಿಗೆ, ಅಷ್ಟೇ ದೊಡ್ಡ ತುತ್ತು. ತಪ್ಪಿದರೆ ಶಾಟ್‌ಗಳು ಒಂದಕ್ಕೊಂದು ಕೂಡುವುದಿಲ್ಲ. ಎಡಿಟರ್ ನಿಮ್ಮನ್ನು ಬಿಟ್ಟು ನಾಯಕಿಯ ಮುಖಕ್ಕೆ ಹೋಗುತ್ತಾರೆ, ನೀವು ಕೊಟ್ಟ ಒಳ್ಳೆಯ ರಿಯಾಕ್ಷನ್ ಅಲ್ಲಿಗೇ ಹೋಯಿತು.

ಹಾಗಾಗಿ ಮಾನಿಟರ್ ಹೊತ್ತಿನಲ್ಲೇ, ಅಂದರೆ ಟೇಕಿಗೆ ಮುಂಚಿನ ರಿಹರ್ಸಲ್‌ನಲ್ಲೇ, ತೀರ್ಮಾನಿಸಿಕೊಳ್ಳಿ: ಇಡೀ ಸೀನಿಗೆ ಮೂರು ತುತ್ತು, ನೆಲ್ಲಿಕಾಯಿ ಗಾತ್ರದವು, ಮೂರೂ ನಿಮ್ಮ ಮಾತು ಮುಗಿದ ಮೇಲೆ. ಮಿಕ್ಕ ಹೊತ್ತೆಲ್ಲ ಅನ್ನ ಕಲಸುತ್ತಿರಿ. ಮೊದಲ ಟೇಕಿಗೇ ಬಾಯ್ತುಂಬ ತಿಂದವರಿಗೆ ಆರನೇ ಟೇಕಿನಲ್ಲಿ ಮಾತೇ ಹೊರಡುವುದಿಲ್ಲ. 1974ರ 'ಭೂತಯ್ಯನ ಮಗ ಅಯ್ಯು' ಚಿತ್ರದಲ್ಲಿ ಲೋಕನಾಥ್ ಅವರ ಉಪ್ಪಿನಕಾಯಿ ದೃಶ್ಯ ಐವತ್ತು ವರ್ಷ ಕಳೆದರೂ ಜನರ ನೆನಪಿನಲ್ಲಿದೆ. ತಿನ್ನುವುದೂ ನಟನೆಯೇ ಅನ್ನುವುದಕ್ಕೆ ಕನ್ನಡದಲ್ಲಿ ಅದಕ್ಕಿಂತ ಒಳ್ಳೆಯ ಪಾಠ ಇಲ್ಲ.

ಧಾರಾವಾಹಿಯಲ್ಲಿ ಇನ್ನೊಂದು ತೊಡಕು ಪ್ರಾಂಪ್ಟಿಂಗ್. ಮಾತಿನ ಹಾಳೆ ಎಷ್ಟೋ ಸಲ ಸೀನಿಗೆ ಸ್ವಲ್ಪ ಮುಂಚೆಯಷ್ಟೇ ಕೈಗೆ ಬರುತ್ತದೆ, ಅಸೋಸಿಯೇಟ್ ಡೈರೆಕ್ಟರ್ ಕ್ಯಾಮೆರಾ ಪಕ್ಕ ನಿಂತು ಓದಿಕೊಡುತ್ತಾರೆ. ಕಿವಿ ಅವರ ಕಡೆ ಇದ್ದರೂ ಕಣ್ಣು ಎದುರು ಪಾತ್ರದ ಮೇಲೇ ಇರಬೇಕು. ಓದುವ ಧ್ವನಿಗೆ ಕಾಯುವ ಕಣ್ಣು ಒಂದು ಕ್ಷಣ ಖಾಲಿಯಾಗುತ್ತದೆ, ಕ್ಲೋಸಪ್‌ನಲ್ಲಿ ಅದು ಎದ್ದು ಕಾಣುತ್ತದೆ. ಲೈವ್ ಸೌಂಡ್ ಇದ್ದರೆ, ಅಂದರೆ ಧ್ವನಿಯನ್ನು ಸೆಟ್‌ನಲ್ಲೇ ಹಿಡಿಯುತ್ತಿದ್ದರೆ, ಅವರ ಕೊನೆಯ ಅಕ್ಷರ ಮುಗಿದು ಅರ್ಧ ಸೆಕೆಂಡ್ ಬಿಟ್ಟು ಬಾಯಿ ತೆರೆಯಿರಿ, ಇಲ್ಲದಿದ್ದರೆ ಎರಡು ಧ್ವನಿ ಒಂದರ ಮೇಲೊಂದು ಬೀಳುತ್ತವೆ. ಆ ಅರ್ಧ ಸೆಕೆಂಡನ್ನು ಪಾತ್ರದ ಯೋಚನೆಯಾಗಿಸುವುದೇ ಇಲ್ಲಿನ ಕಸುಬು: ಕನ್ನಡಕ ಸರಿಮಾಡಿಕೊಳ್ಳಿ, ಸೆರಗು ಎಳೆದುಕೊಳ್ಳಿ.

ನೀನಾಸಂ, ರಂಗಾಯಣದಂಥ ನಾಟಕದ ಕಡೆಯಿಂದ ಬಂದವರಿಗೆ ಮಾತಿನ ಸ್ಪಷ್ಟತೆ ದೊಡ್ಡ ಆಸ್ತಿ. ಆದರೆ ಕೊನೆಯ ಸಾಲಿಗೆ ಮುಟ್ಟಿಸುವ ಧ್ವನಿ ಎದೆಗೆ ಸಿಕ್ಕಿಸಿದ ಮೈಕಿಗೆ ಜಾಸ್ತಿ. ಉಸಿರು ಹಾಗೇ ಇರಲಿ, ದನಿ ಇಳಿಸಿ. ಎದೆ ಮುಟ್ಟಿಕೊಂಡು ಮಾತಾಡುವ ರೂಢಿಯನ್ನಂತೂ ಬಿಡಲೇಬೇಕು, ಮೈಕಿನಲ್ಲಿ ಅದು ಗುಡುಗಿನ ಹಾಗೆ ಕೇಳುತ್ತದೆ.

ಸಿನಿಮಾದಲ್ಲಿ ಡಬ್ಬಿಂಗ್ ಇರುತ್ತದೆ ಅಂತ ಸೆಟ್‌ನಲ್ಲಿ ಮಾತು ತೇಲಿಸಬೇಡಿ. ಪ, ಬ, ಮ ಬಂದಲ್ಲಿ ತುಟಿ ಮುಚ್ಚುತ್ತದೆ. 'ಬೇಡ' ಅಂದ ತುಟಿಗೆ 'ಆಗಲ್ಲ' ಕೂಡಿಸಲು ಹೋದರೆ ಸುಳ್ಳು ಕಾಣುತ್ತದೆ.

ಸೀನುಗಳು ವರಸೆಯಾಗಿ ಶೂಟ್ ಆಗುವುದಿಲ್ಲ. ಇವತ್ತು ಬಾಗಿಲ ಹೊರಗೆ ನಿಂತವರು ಒಳಗೆ ಬರುವುದು ನಾಲ್ಕು ದಿನ ಬಿಟ್ಟು ಇರಬಹುದು. ಸೀನ್ ಮುಗಿದ ಕೂಡಲೇ ಮೇಕಪ್ ಒರೆಸುವ ಮುಂಚೆ ಫೋನಿನಲ್ಲಿ ಮೂರು ಫೋಟೊ ತೆಗೆಸಿಕೊಳ್ಳಿ: ಎದುರು, ಎಡ, ಬಲ. ವಾಚ್ ಯಾವ ಕೈಲಿತ್ತು, ತೋಳು ಎಷ್ಟು ಮಡಚಿತ್ತು, ಕುಂಕುಮ ಎಷ್ಟು ಅಗಲ ಇತ್ತು, ಎಲ್ಲ ಸಿಗಬೇಕು. ಅಸಿಸ್ಟೆಂಟ್ ಡೈರೆಕ್ಟರ್ ಬರೆದುಕೊಂಡಿರುತ್ತಾರೆ ನಿಜ, ಆದರೆ ಅವರು ಬದಲಾಗುತ್ತಾರೆ, ಪಾತ್ರ ನಿಮ್ಮದು.

ಇನ್ನು ಡೇಟ್ಸ್, ಅಂದರೆ ಶೂಟಿಂಗ್‌ಗೆ ಒಪ್ಪಿಕೊಂಡ ದಿನಗಳು. ಬಾಯಿಮಾತಿನಲ್ಲಿ ಕೊಟ್ಟ ಡೇಟನ್ನು ಅವತ್ತೇ ಮ್ಯಾನೇಜರ್‌ಗೆ ವಾಟ್ಸಾಪ್ ಮಾಡಿ. ಧಾರಾವಾಹಿಯಲ್ಲಿ ನುಣ್ಣಗೆ ಬೋಳಿಸಿದ ಮಾವ ಆಗಿದ್ದು, ಗಡ್ಡ ಬೇಕೆನ್ನುವ ಸಿನಿಮಾ ಒಪ್ಪಿಕೊಂಡರೆ ಎರಡೂ ಕಡೆ ಜಗಳ. ಗೆಟಪ್ ವಿಚಾರ ಸಂಭಾವನೆಗಿಂತ ಮೊದಲು ಕೇಳಿ. ಪೇಮೆಂಟ್ ಬರಲು ತಿಂಗಳುಗಳೇ ಹಿಡಿಯಬಹುದು, ಹಾಗಾಗಿ ಡೈರಿಯಲ್ಲಿ ತಾರೀಖು, ಕಾಲ್‌ಶೀಟ್ ಹೊತ್ತು, ಬಿಟ್ಟ ಹೊತ್ತು ಇರಲಿ. ಸಂಭಾವನೆಯಲ್ಲಿ 10 ಪರ್ಸೆಂಟ್ ಟಿಡಿಎಸ್ (ಮೊದಲೇ ಕಡಿದುಕೊಳ್ಳುವ ಆದಾಯ ತೆರಿಗೆ) ಹಿಡಿದಿದ್ದರೆ ಅದು 26ಎಎಸ್‌ನಲ್ಲಿ, ಅಂದರೆ ನಿಮ್ಮ ಹೆಸರಿನಲ್ಲಿ ಕಟ್ಟಿದ ತೆರಿಗೆಯ ಪಟ್ಟಿಯಲ್ಲಿ, ಕಾಣಬೇಕು. ಕಾಣದಿದ್ದರೆ ಧಾರಾವಾಹಿ ಮುಗಿದು ಆಫೀಸ್ ಖಾಲಿಯಾಗುವ ಮುಂಚೆಯೇ ಅಕೌಂಟ್ಸ್‌ನವರನ್ನು ಹಿಡಿಯಿರಿ.