ನನ್ನ ಕಡಲಿನ ಸಿನಿಮಾದಲ್ಲಿ ಮಾತು ಯಾಕಿಲ್ಲ?

"ಕಡಲಿನ ಸಾಕ್ಷ್ಯಚಿತ್ರ ಅಂತೀರಿ, ಹಿನ್ನೆಲೆಯಲ್ಲಿ ಒಂದು ದನಿಯೂ ಇಲ್ಲವಲ್ಲ?" ಕುಂಬಳೆಯಲ್ಲಿ ಕೇಳಿದರು, ಮಂಜೇಶ್ವರದಲ್ಲಿ ಕೇಳಿದರು, ಮದುವೆಮನೆಯ ಊಟದ ಪಂಕ್ತಿಯಲ್ಲೂ ಕೇಳಿದರು. ಬಾಯಲ್ಲಿ ಹೇಳಿ ಹೇಳಿ ಸಾಕಾಗಿದೆ. ದನಿ ಇದೆ, ನೀವು ಕೇಳಿಸಿಕೊಳ್ಳಲಿಲ್ಲ, ಅಷ್ಟೆ.

ಸಿಟ್ಟು ಬರುವುದು ಪ್ರಶ್ನೆಗಿಂತಲೂ ಅದರ ಬೆನ್ನಿಗೇ ಬರುವ ಸಲಹೆಗೆ. "ಒಳ್ಳೆ ಕಂಠದವರಿಂದ ನಾಲ್ಕು ಸಾಲು ಕವಿತೆ ಓದಿಸಬಹುದಿತ್ತು." ಯಾವ ಭಾಷೆಯಲ್ಲಿ? ಕನ್ನಡದಲ್ಲಾದರೆ ನಮ್ಮ ಕಡಲು, ಮಲಯಾಳದಲ್ಲಾದರೆ ಅವರ ಕಡಲು, ತುಳುವಿನಲ್ಲಾದರೆ ಮತ್ತೊಬ್ಬರದು. ಕಾಸರಗೋಡು ಕೇರಳಕ್ಕೆ ಸೇರಿದ 1956ರಿಂದ ಇಲ್ಲಿ ನಡೆಯುತ್ತಿರುವ ಈ ಜಗ್ಗಾಟಕ್ಕೆ ಕಡಲನ್ನೂ ಎಳೆದು ತರಲು ನನಗೆ ಮನಸ್ಸಿರಲಿಲ್ಲ. ಇನ್ನೊಂದು ಕಾರಣವೂ ಇದೆ, ಅದೇ ದೊಡ್ಡದು. ಯಾರಾದರೂ ಮಾತಾಡತೊಡಗಿದರೆ ಕಿವಿ ಆ ಕಡೆ ಹೋಗುತ್ತದೆ, ಅಲೆ ಬರೀ ಹಿಮ್ಮೇಳವಾಗುತ್ತದೆ. ಈ ಚಿತ್ರದ ಮೊದಲರ್ಧದ ಅಲೆಯ ಸದ್ದೇ ಬೇರೆ, ಉಳಿದರ್ಧದ್ದೇ ಬೇರೆ.

ಸದ್ದು ಯಾಕೆ ಬದಲಾಯಿತು ಎಂದು ಯಾರಾದರೂ ಕೇಳಬೇಕಿತ್ತು.

ಮೊದಲು ಕಾಣುವುದು ಹೊಯ್ಗೆಯ, ಅಂದರೆ ಮರಳಿನ, ದಂಡೆ. ಅಲೆ ಮುರಿದು, ಇಳಿಜಾರಿನಲ್ಲಿ ಮೇಲಕ್ಕೆ ಹರಿದು, ಬಲ ಸೋತು, 'ಸ್ಸ್' ಎನ್ನುತ್ತಾ ಹೊಯ್ಗೆಯಲ್ಲಿ ಇಂಗುತ್ತದೆ. ಆಮೇಲಿನದು ಕಡಲ್ಕೊರೆತ ತಡೆಯಲು ಹಾಕಿದ ಕರಿಕಲ್ಲಿನ ಗೋಡೆ. ಅಲ್ಲಿ ಅಲೆಗೆ ಹರಿಯಲು ಜಾಗವಿಲ್ಲ. ಧಪ್ಪನೆ ಬಡಿಯುತ್ತದೆ, ಸಂದಿಗಳಿಂದ ಗುಳುಗುಳು ಇಳಿಯುತ್ತದೆ, ಹಿಂದಿರುಗುವಾಗ ಗೋಡೆಯ ಬುಡದ ಹೊಯ್ಗೆಯನ್ನೂ ಎಳೆದೊಯ್ಯುತ್ತದೆ. ಗೋಡೆ ಮುಗಿಯುವ ಕಡೆ ಪಕ್ಕದ ದಂಡೆ ಇನ್ನಷ್ಟು ಬೇಗ ಕೊರೆದುಹೋಗುತ್ತದೆ. ಗೋಡೆಯ ಹಿಂದಿನ ಮನೆಯವರಿಗೆ ಅದು ಬೇಕು, ಅದನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ದೋಣಿ ಮೇಲೆ ಹಾಕುವುದಕ್ಕೂ ದಡದಲ್ಲಿ ನಿಂತು ಕೈರಂಪಣಿ ಬಲೆ ಎಳೆಯುವುದಕ್ಕೂ ಹೊಯ್ಗೆಯೇ ಬೇಕು, ಕಲ್ಲಿನ ಮೇಲೆ ಎರಡೂ ಆಗುವುದಿಲ್ಲ. ಇದನ್ನೆಲ್ಲ ಒಳ್ಳೆ ಕಂಠದವರಿಂದ ಹೇಳಿಸಿದ್ದರೆ ನೀವು ತಲೆಯಾಡಿಸಿ ಮನೆಗೆ ಹೋಗುತ್ತಿದ್ದಿರಿ.

ಉಪ್ಪಳದಲ್ಲಿ ತೋರಿಸಿದಾಗ ಹಿಂದೆ ಕೂತಿದ್ದ ಮೀನುಗಾರ ಮೊಗವೀರರೊಬ್ಬರು ಕೊನೆಯಲ್ಲಿ ಎದ್ದು ಕೇಳಿದರು: "ಮಾಷ್ಟ್ರೇ, ಕೊನೆಗೆ ತೋರಿಸಿದ್ದು ಕಲ್ಲು ಮುಗಿಯುವ ಜಾಗ ಅಲ್ವಾ?" ಆ ದೃಶ್ಯದಲ್ಲಿ ಒಂದು ಕಲ್ಲೂ ಕಾಣುವುದಿಲ್ಲ, ಬರೀ ನೀರು. ಹೇಗೆ ಗೊತ್ತಾಯಿತು ಎಂದೆ. "ಒಂದು ಬದಿಯಿಂದ ಬಡಿಯುವ ಸದ್ದು, ಇನ್ನೊಂದು ಬದಿಯಿಂದ ಎಳೆಯುವ ಸದ್ದು. ಮತ್ತೆಲ್ಲಿ ಹಾಗೆ ಕೇಳುತ್ತದೆ?" ಆಮೇಲೆ ನಾವಿಬ್ಬರೂ ಹೊರಗೆ ನಿಂತು ಬಹಳ ಹೊತ್ತು ಮಾತಾಡಿದೆವು.

ಮಾತು ಬೇಕೇ ಬೇಕು ಎನ್ನುವವರು ಚಿತ್ರ ಮುಗಿದ ಮೇಲೆ ಕೂತಿರಿ. ಎಷ್ಟು ಹೊತ್ತಾದರೂ ಮಾತಾಡುತ್ತೇನೆ. ಚಿತ್ರದ ಒಳಗೆ ಮಾತ್ರ ಬೇಡ.