ದೊಡ್ಡ ಸೈಜಿನ ಪಟ್ಟಿ ಇದೆಯಾ ಸಿಸ್ಟರ್?

ಆಫೀಸಿನ ಹೆಲ್ತ್ ಚೆಕಪ್ ದಿನ ಎಲ್ಲರಿಗೂ ತೂಕದ ಮೆಷಿನ್ ಕಂಡರೇ ಭಯ. ವಾಚು, ಬೆಲ್ಟು, ಜೇಬಿನ ಬೀಗದ ಕೈ ಎಲ್ಲ ತೆಗೆದಿಟ್ಟು ಹತ್ತುತ್ತಾರೆ. ಪಕ್ಕದಲ್ಲಿ ನಿಂತ ಹುಡುಗ ಅಂಕಿಯನ್ನು ಜೋರಾಗಿ ಕೂಗುತ್ತಾನೆ. ನನ್ನದನ್ನೂ ಕೂಗಿದ. ಹಿಂದಿದ್ದವರು ಥಟ್ಟನೆ ಮೊಬೈಲ್ ನೋಡತೊಡಗಿದರು. ಪಾಪ, ನನಗಿಂತ ಅವರಿಗೇ ಮುಜುಗರ. ನಾನು ದಪ್ಪ ಅನ್ನೋದು ಗುಟ್ಟೇನಲ್ಲವಲ್ಲ!

ಮುಂದಿನ ಟೇಬಲ್ ಬಿಪಿಯದು. ಸಿಸ್ಟರ್ ನನ್ನ ತೋಳಿಗೆ ಪಟ್ಟಿ ಸುತ್ತಿದರು. ತುದಿ ಸರಿಯಾಗಿ ಎಟುಕಲಿಲ್ಲ. ಎಳೆದು ಹೇಗೋ ಅಂಟಿಸಿದರು. ಗಾಳಿ ತುಂಬುತ್ತಿದ್ದ ಹಾಗೆ ಅದು ಪರ್ರನೆ ಬಿಚ್ಚಿಕೊಂಡಿತು. ಎರಡನೇ ಸಲ ಕೈಯಿಂದಲೇ ಒತ್ತಿ ಹಿಡಿದುಕೊಂಡರು. 148/94 ಬಂತು.

"ಬಿಪಿ ಇದೆ ಮೇಡಂ, ತೂಕ ಇಳಿಸಿ."

ತೋಳಿಗೆ ಸಾಲದ ಪಟ್ಟಿ ಸುತ್ತಿದರೆ ಬಿಪಿ ಇರೋದಕ್ಕಿಂತ ಜಾಸ್ತಿ ತೋರಿಸುತ್ತದೆ. ಸಾಮಾನ್ಯ ಪಟ್ಟಿ ಸುಮಾರು 34 ಸೆಂಟಿಮೀಟರ್ ಸುತ್ತಳತೆಯ ತೋಳಿನವರೆಗೆ ಮಾತ್ರ. ನನ್ನದು 38. "ದೊಡ್ಡ ಸೈಜಿನ ಪಟ್ಟಿ ಇದೆಯಾ ಸಿಸ್ಟರ್?" ಅಂತ ಕೇಳಿದೆ. ಅವರು ಚೀಲವೆಲ್ಲ ತಡಕಾಡಿದರು. ತಳದಲ್ಲಿ ಇತ್ತು, ಪ್ಲಾಸ್ಟಿಕ್ ಕವರ್ ಕೂಡ ಬಿಚ್ಚಿರಲಿಲ್ಲ! ಐದು ನಿಮಿಷ ಬೆನ್ನು ಒರಗಿಸಿ ಸುಮ್ನೆ ಕೂತೆ. ಮತ್ತೆ ನೋಡಿದರು. 132/84.

ಹಾಗಂತ ಇದೇನು ತುಂಬಾ ಚೆನ್ನಾಗಿರುವ ಅಂಕಿ ಅಲ್ಲ, ಸ್ವಲ್ಪ ಜಾಸ್ತಿಯೇ. ಆದರೆ ಇದು ನನ್ನದು. ಮೊದಲಿನದು ಪಟ್ಟಿಯದು.

ದೇಹ ಹೇಗಿದೆಯೋ ಹಾಗೇ ಒಪ್ಪಿಕೊಳ್ಳುವ ಬಾಡಿ ಪಾಸಿಟಿವಿಟಿ ಅಂದರೆ ಈಗ ಎಲ್ಲರಿಗೂ ನೆನಪಾಗುವುದು ಕನ್ನಡಿ ಮುಂದಿನ ಫೋಟೋಗಳು. ಆದರೆ ಅದರ ಬೇರು ಇರುವುದು ಅಮೆರಿಕದಲ್ಲಿ 1960ರ ದಶಕದ ಕೊನೆಗೆ ದಪ್ಪ ಜನರು ತಾರತಮ್ಯದ ವಿರುದ್ಧ ಎತ್ತಿದ ದನಿಯಲ್ಲಿ. 1969ರಲ್ಲಿ ಅವರದೇ ಒಂದು ಸಂಘವೂ ಹುಟ್ಟಿತು. ನನಗೆ ಆ ಹಳೆಯ ಅರ್ಥವೇ ಇಷ್ಟ. ನನ್ನ ತೋಳನ್ನು ನೋಡಿ ಆಹಾ ಅನ್ನಬೇಕಿಲ್ಲ, ಅದಕ್ಕೆ ಸರಿಹೊಂದುವ ಪಟ್ಟಿ ತಂದರೆ ಸಾಕು.

ಕೊನೆಯಲ್ಲಿ ಡಾಕ್ಟ್ರು ಕೂತಿದ್ದರು. ಫಾರಂನಲ್ಲಿ ಬಿಎಂಐ, ಅಂದರೆ ಎತ್ತರಕ್ಕೆ ಹೋಲಿಸಿದ ತೂಕದ ಲೆಕ್ಕ, ಕೆಂಪಕ್ಷರದಲ್ಲಿತ್ತು. ಈ ಲೆಕ್ಕ ಹಾಕಿದ್ದು 1830ರ ದಶಕದಲ್ಲಿ ಕೆಟ್ಲೆ ಅನ್ನುವ ಬೆಲ್ಜಿಯಂನ ಖಗೋಳ ವಿಜ್ಞಾನಿ. ಅವರು ಹುಡುಕುತ್ತಿದ್ದದ್ದು ಸರಾಸರಿ ಮನುಷ್ಯನನ್ನು, ಒಬ್ಬೊಬ್ಬರ ಕಾಯಿಲೆಯನ್ನಲ್ಲ. ಡಾಕ್ಟ್ರು ಅದರ ಮೇಲೆ ಒಮ್ಮೆ ಕಣ್ಣಾಡಿಸಿ ರಕ್ತದ ರಿಪೋರ್ಟಿಗೆ ಬಂದರು. ಎಚ್‌ಬಿಎ1ಸಿ, ಅಂದರೆ ರಕ್ತದಲ್ಲಿನ ಸಕ್ಕರೆಯ ಲೆಕ್ಕ, 5.9. 5.7ರಿಂದ 6.4ರವರೆಗೆ ಇದ್ದರೆ ಸಕ್ಕರೆ ಕಾಯಿಲೆಗೆ ಒಂದು ಹೆಜ್ಜೆ ಹಿಂದೆ ಅಂತ ಅರ್ಥ. ನಿದ್ದೆ ಎಷ್ಟು, ಮನೆಯಲ್ಲಿ ಯಾರಿಗಾದರೂ ಇದೆಯಾ, ಎಷ್ಟು ಹೊತ್ತು ಒಂದೇ ಕಡೆ ಕೂರ್ತೀರಿ, ಹೀಗೆ ಕೇಳುತ್ತಾ ಹೋದರು. ತೂಕದ ಮಾತೂ ಬಂತು, ಆದರೆ ಬೈಗುಳವಾಗಿ ಅಲ್ಲ.

ಊಟದ ಹೊತ್ತಿಗೆ ಗೆಳತಿ ಹೇಳಿದಳು, "ನೀನು ಹೇಗಿದ್ದೀಯೋ ಹಾಗೇ ಚೆಂದ ಕಣೆ. ಇದಕ್ಕೆಲ್ಲ ತಲೆ ಕೆಡಿಸ್ಕೋಬೇಡ." ಪ್ರೀತಿಯಿಂದಲೇ ಹೇಳಿದ್ದು. ಆದರೆ ಚೆಂದಕ್ಕೂ ಸಕ್ಕರೆಗೂ ಏನು ಸಂಬಂಧ? ಅವಳು ಕಡ್ಡಿ ಹಾಗಿದ್ದಾಳೆ. ತೂಕದ ಸಾಲಿನಲ್ಲಿ ಎಲ್ಲರೂ ಅವಳನ್ನು ಹೊಗಳಿದ್ದರು. ಅವಳ ಎಚ್‌ಬಿಎ1ಸಿ 6.1 ಅಂತೆ. ಅವಳಿಗೆ ಮಾತ್ರ ಯಾರೂ ನಡೆಯಲು ಹೇಳಲಿಲ್ಲವಂತೆ.

ಈಗ ನಾನು ಸಂಜೆ ನಡೆಯುತ್ತೇನೆ. ವಿಶ್ವ ಆರೋಗ್ಯ ಸಂಸ್ಥೆ ಹೇಳುವುದು ವಾರಕ್ಕೆ ಕನಿಷ್ಠ 150 ನಿಮಿಷ. ಮಾತಾಡಲು ಆಗಬೇಕು, ಹಾಡಲು ಆಗಬಾರದು, ಅಷ್ಟು ವೇಗ ಸಾಕು. ಶುರುವಿನಲ್ಲಿ ನನ್ನ ಸಮಸ್ಯೆ ಸೋಮಾರಿತನವಲ್ಲ, ತೊಡೆ ಉಜ್ಜಿ ಆಗುವ ಉರಿ. ಹೀಗಾಗುತ್ತೆ ಅಂತ ಫಿಟ್‌ನೆಸ್ ವಿಡಿಯೋ ಮಾಡುವ ಯಾರೂ ಹೇಳಲ್ಲ, ಅವರಿಗೆ ಗೊತ್ತೂ ಇರಲಿಕ್ಕಿಲ್ಲ. ಮಂಡಿಯವರೆಗೆ ಬರುವ ಬಿಗಿ ಚಡ್ಡಿ ಒಳಗೆ ಹಾಕಿಕೊಂಡೆ, ಉರಿ ನಿಂತಿತು. ವಾರದಲ್ಲಿ ಎರಡು ದಿನ ಕುರ್ಚಿಯಿಂದ ಎದ್ದು ಕೂರುವುದು, ಗೋಡೆಗೆ ಕೈಕೊಟ್ಟು ತಳ್ಳುವುದು ಮಾಡುತ್ತೇನೆ. ಸ್ನಾಯುಗಳಿಗೂ ಕೆಲಸ ಬೇಕಲ್ವಾ?

"ಎಷ್ಟು ಕೆಜಿ ಇಳಿದ್ರಿ?" ಅಂತ ಆಫೀಸಿನಲ್ಲಿ ಕೇಳುತ್ತಾರೆ. ನೋಡಿಲ್ಲ ಅನ್ನುತ್ತೇನೆ, ನಂಬುವುದಿಲ್ಲ. ಎಚ್‌ಬಿಎ1ಸಿ ಹಿಂದಿನ ಎರಡು ಮೂರು ತಿಂಗಳ ಸಕ್ಕರೆಯ ಲೆಕ್ಕ ಕೊಡುತ್ತದೆ. ಹಾಗಾಗಿ ಮೂರು ತಿಂಗಳು ಕಳೆದ ಮೇಲೆ ಇನ್ನೊಮ್ಮೆ ರಕ್ತ ಕೊಡಬೇಕು. ಗೆಳತಿಯನ್ನೂ ಎಳೆದುಕೊಂಡು ಹೋಗುತ್ತೇನೆ, ಬರಲ್ಲ ಅಂತ ಈಗಲೇ ನೆಪ ಹುಡುಕುತ್ತಿದ್ದಾಳೆ.