ಹತ್ತು ಸ್ಲಾಟ್‌ಗಳ ಲೆಕ್ಕ: ಕೇರ್ನ್ ಯಾಕೆ ಹಿಡಿಸುತ್ತದೆ

ಸ್ವತಂತ್ರವಾಗಿ ಬರುವ ಫ್ಯಾಂಟಸಿ ಆರ್‌ಪಿಜಿಗಳಲ್ಲಿ (ಮೇಜಿನ ಸುತ್ತ ಕೂತು ಒಬ್ಬೊಬ್ಬರು ಒಂದೊಂದು ಪಾತ್ರವಾಗಿ ಆಡುವ ಕತೆಯಾಟಗಳಲ್ಲಿ) ಯಾವುದರಿಂದ ಶುರು ಮಾಡಬೇಕು ಎಂದು ಯಾರೇ ಕೇಳಿದರೂ ನನ್ನ ಉತ್ತರ ಒಂದೇ: ಯೋಚೈ ಗಾಲ್ 2020ರಲ್ಲಿ ಹೊರತಂದ ಕೇರ್ನ್. ಪಿಡಿಎಫ್ ಉಚಿತ. ಬಲ, ಚುರುಕು, ಮನೋಬಲ ಒಂದೊಂದಕ್ಕೂ ಆರು ಮುಖದ ಮೂರು ದಾಳ ಉರುಳಿಸಿ. ಬೇಕಿದ್ದರೆ ಎರಡನ್ನು ಅದಲುಬದಲು ಮಾಡಿಕೊಳ್ಳಿ. ಎಚ್‌ಪಿಗೆ, ಅಂದರೆ ಪೆಟ್ಟು ತಾಳುವ ಅಂಕಕ್ಕೆ, ಒಂದೇ ದಾಳ. ಯೋಧ, ಮಾಂತ್ರಿಕ ಎಂಬಂಥ ಕ್ಲಾಸೂ ಇಲ್ಲ, ಹಂತ ಹಂತವಾಗಿ ಏರುವ ಲೆವೆಲ್ಲೂ ಇಲ್ಲ.

ನಿಮ್ಮ ಪಾತ್ರ ಏನು ಮಾಡಬಲ್ಲದು ಅನ್ನುವುದು ಹೊತ್ತ ಸಾಮಾನಿನ ಮೇಲೆ ನಿಂತಿದೆ. ಸಾಮಾನಿಗೆ ಇರುವುದು ಹತ್ತು ಸ್ಲಾಟ್ (ಜಾಗ), ಅದರಲ್ಲಿ ಆರು ಬೆನ್ನುಚೀಲದಲ್ಲಿ. ಸರಪಳಿ ಕವಚಕ್ಕೆ ಎರಡು, ಎರಡು ಕೈಯಲ್ಲಿ ಹಿಡಿಯುವ ಭಾರದ ಆಯುಧಕ್ಕೆ ಎರಡು, ಹಗ್ಗ, ಪಂಜು, ಬುತ್ತಿಗೆ ಮೂರು, ಎರಡು ಮಂತ್ರಪುಸ್ತಕಕ್ಕೆ ಎರಡು. ಒಂಬತ್ತಾಯಿತು. ಮಂತ್ರವನ್ನು ಯಾರು ಬೇಕಾದರೂ ಓದಬಹುದು, ಆದರೆ ಓದಿದ ಪ್ರತಿ ಸಲ ಆಯಾಸ ಒಂದು ಸ್ಲಾಟ್ ನುಂಗುತ್ತದೆ. ಈಗ ಓದಿದಿರೋ, ಹತ್ತೂ ತುಂಬಿ ಎಚ್‌ಪಿ ಸೊನ್ನೆಗೆ ಇಳಿಯುತ್ತದೆ. ಆಯುಧ ಎಸೆಯಬೇಕೋ, ಬುತ್ತಿ ಬಿಡಬೇಕೋ? ಮಂತ್ರ, ದಣಿವು, ನಿಧಿಯ ಆಸೆ ಮೂರನ್ನೂ ಒಂದೇ ನಿಯಮ ಹೊತ್ತು ನಿಲ್ಲುವುದು ನನಗೆ ಈ ಆಟದ ಅತ್ಯಂತ ಚೆಂದದ ಸಂಗತಿ.

ಕಾಳಗದಲ್ಲಿ ಏಟು ತಾಗಿತೋ ಇಲ್ಲವೋ ಎಂದು ದಾಳ ಹಾಕುವುದೇ ಇಲ್ಲ, ತಾಗಿಯೇ ತಾಗುತ್ತದೆ. ಎಂಟು ಮುಖದ ದಾಳದ ಕತ್ತಿ 7 ತೋರಿಸಿತು ಅನ್ನಿ. ಕವಚದ ಅಂಕ 1 ಕಳೆದರೆ 6. ಎಚ್‌ಪಿ 4 ಇದ್ದರೆ ಮಿಕ್ಕ 2 ಬಲದಿಂದ ಹೋಗುತ್ತದೆ. 11 ಇದ್ದ ಬಲ 9 ಆಯಿತು. ಇಪ್ಪತ್ತು ಮುಖದ ದಾಳದಲ್ಲಿ 9 ಅಥವಾ ಅದಕ್ಕಿಂತ ಕಡಿಮೆ ಬೀಳದಿದ್ದರೆ ಪಾತ್ರ ನೆಲಕ್ಕುರುಳುತ್ತದೆ, ಯಾರೂ ಉಪಚರಿಸದಿದ್ದರೆ ಒಂದು ಗಂಟೆಯೊಳಗೆ ಸಾವು.

ದೊಡ್ಡ ಆಟಗಳಿಂದ ಬಂದವರು ಎಡವುವುದು ಇಲ್ಲೇ: ಎದುರಾದವರ ಮೇಲೆಲ್ಲ ಕತ್ತಿ ಎತ್ತಿ ಮೊದಲ ಕೋಣೆಯಲ್ಲೇ ಸಾಯುತ್ತಾರೆ. ಕತೆ ನಡೆಸುತ್ತ ಆಟ ಆಡಿಸುವವರ ತಪ್ಪೂ ಇರುತ್ತದೆ. ಬಲೆಯನ್ನು ಬಚ್ಚಿಟ್ಟು ದಾಳ ಹಾಕಿಸಬೇಡಿ. ಸಡಿಲ ಹಾಸುಗಲ್ಲು, ಗೋಡೆಯ ತೂತು, ಒಣಗಿದ ರಕ್ತ, ಎಲ್ಲವನ್ನೂ ಬಾಯಿಬಿಟ್ಟು ಹೇಳಿ. ಅಪಾಯ ಕಣ್ಣೆದುರಿಗಿದ್ದರೆ ಆಟಗಾರರು ಯೋಚಿಸಲು ಶುರು ಮಾಡುತ್ತಾರೆ.

ಕೇರ್ನ್‌ನ ಪಠ್ಯಕ್ಕೆ ಸಿಸಿ ಬಿವೈ-ಎಸ್‌ಎ 4.0 ಎಂಬ ಮುಕ್ತ ಬಳಕೆಯ ಪರವಾನಗಿ ಇದೆ. ಕನ್ನಡಕ್ಕೆ ತಂದು, ಆಟ ನಡೆಯುವ ಕಾಡನ್ನು ಮಲೆನಾಡಿನದಾಗಿಸಿ, ಮಾರಲೂಬಹುದು. ಮೂಲ ಕರ್ತೃವಿನ ಹೆಸರು ಹಾಕಬೇಕು, ನಿಮ್ಮದನ್ನೂ ಅದೇ ಪರವಾನಗಿಯಲ್ಲಿ ಬಿಡಬೇಕು. ಯಾರಾದರೂ ಅನುವಾದಕ್ಕೆ ಕೈಹಾಕಿದರೆ ಪಾತ್ರದ ಹಾಳೆಯಿಂದ ಶುರು ಮಾಡಿ, ಅದು ಒಂದೇ ಪುಟ.